ಪಾಳಿಯಲ್ಲದ ಸೋಮವಾರ

ಬಸ್ಸು ತೊಣ್ಣೂರಿನ ಕೆರೆ ಏರಿ ಬಿಟ್ಟು ಪಾಂಡವಪುರದ ದಾರಿ ಹಿಡಿದ ಮೇಲೆಯೇ ನಾಗೇಂದ್ರನಿಗೆ ಗೊತ್ತಾದದ್ದು, ತನಗಿಂತ ಎರಡು ಸೀಟು ಮುಂದೆ ಕಿಟಕಿಗೆ ತಲೆ ಆನಿಸಿ ಕೂತಿರುವವಳು ಪುಟ್ಟಗೌರಮ್ಮ ಎಂದು. ಮೊದಲೇ ಕಂಡಿದ್ದರೆ ಈ ಬಸ್ಸು ಹತ್ತುತ್ತಲೇ ಇರಲಿಲ್ಲ. ಈಗ ನಡುದಾರಿಯಲ್ಲಿ ಇಳಿದರೆ ಇಡೀ ಬಸ್ಸು ಕತ್ತು ಹೊರಳಿಸಿ, ಯಾಕ್ ಅಯ್ನೋರೆ ಇಲ್ಲೇ ಇಳುದ್ಬುಟ್ರಿ ಎಂದು ಕೇಳುತ್ತದೆ. ಕೇಳುವುದು ಬಿಟ್ಟರೆ ಈ ಸೀಮೆಯ ಜನಕ್ಕೆ ಬೇರೆ ಕಸುಬೇ ಇಲ್ಲ. ಅವನು ಅಂಗವಸ್ತ್ರವನ್ನು ಕಿವಿಯವರೆಗೆ ಎಳೆದುಕೊಂಡು, ಅವಳೇನಾದರೂ ತಿರುಗಿದರೆ ನಿದ್ದೆ ಹತ್ತಿದವನ ಹಾಗೆ ಕಣ್ಣು ಮುಚ್ಚಬೇಕು ಎಂದುಕೊಂಡ. ಅವಳು ತಿರುಗಲಿಲ್ಲ. ಹಿಂದಿನಿಂದ ಕಾಣುತ್ತಿದ್ದದ್ದು ಎಣ್ಣೆ ಹಾಕದ ತುರುಬು, ಕತ್ತಿನ ಕರಿಮಣಿ, ಒಗೆದು ಒಗೆದು ಬಣ್ಣ ಬಿಟ್ಟ ಹಸಿರು ಸೀರೆಯ ಅಂಚು, ಅಷ್ಟೆ. ಇವಳ ಸಾಕ್ಷಿ ಹೋದ ಸಲವೇ ಮುಗಿದಿದೆಯಲ್ಲ. ಇವತ್ತು ಕಟಕಟೆ ಹತ್ತಬೇಕಾದವನು ತಾನೊಬ್ಬನೇ. ಅವಳಿಗೆ ಸಮನ್ಸಿಲ್ಲ, ಯಾರೂ ಬಾ ಎಂದಿಲ್ಲ. ಹಾಲು ಕರೆದು ಡೈರಿಗೆ ಹಾಕಿ ಮನೆಯಲ್ಲಿರುವುದು ಬಿಟ್ಟು ಇವಳಿಗೇನು ಬಂತು. ಸಂತೆಗೆ ಹೊರಟಿರಬಹುದು, ಅಥವಾ ಪಾಂಡವಪುರದಲ್ಲಿ ಬಸ್ಸು ಬದಲಾಯಿಸಿ ಕಿಕ್ಕೇರಿಗೆ, ಮಗಳನ್ನು ಕೊಟ್ಟ ಊರಿಗೆ ಹೋಗುತ್ತಿರಬಹುದು ಎಂದು ಒಂದು ಗಳಿಗೆ ಆಸೆಪಟ್ಟ. ಮಗಳೇ ಇಲ್ಲದ ಮೇಲೆ ಕಿಕ್ಕೇರಿಯಲ್ಲಿ ಅವಳಿಗೇನು ಕೆಲಸ ಎಂದು ಆಮೇಲೆ ಹೊಳೆಯಿತು. ಕಂಡಕ್ಟರು ಬಂದಾಗ ಅವಳು ಆಧಾರ್ ಕಾರ್ಡು ತೋರಿಸಿ, "ಕೋರ್ಟಿನತ್ರ ಇಳಿಸ್ಬುಡಪ್ಪ" ಎಂದದ್ದು ಚೆನ್ನಾಗಿಯೇ ಕೇಳಿಸಿತು. ಕಂಡಕ್ಟರು ಹಿಂದೆ ಬಂದು, "ನಿಮ್ದೂ ಅಲ್ಲಿಗೇ ಅಲ್ವಾ ಅಯ್ನೋರೆ" ಎಂದವನೇ ಟಿಕೆಟು ಹರಿದು ಕೊಟ್ಟ.

ಕೋರ್ಟಿನ ವಿಷಯ ಈಗ ಯಾರಿಗೆ ಗೊತ್ತಿಲ್ಲ. ಬಿಲ್ಲೇಕೊಪ್ಪಲಿನ ಸೋಮೇಶ್ವರನ ಪೂಜೆ ಅಣ್ಣ ತಮ್ಮಂದಿರ ಎರಡು ಪಾಲು. ಒಂದು ತಿಂಗಳು ಅಣ್ಣ ನಂಜುಂಡಯ್ಯನ ಪಾಳಿ, ಮರುತಿಂಗಳು ನಾಗೇಂದ್ರನ ಪಾಳಿ. ಅಮಾವಾಸ್ಯೆ ಸಂಜೆ ದೀಪ ಹಚ್ಚಿ ಬೀಗದಕೈ ಒಬ್ಬರಿಂದೊಬ್ಬರಿಗೆ ದಾಟುತ್ತಿತ್ತು. ಅಣ್ಣ ಹೋದ ಮೇಲೆ ಅವನ ಪಾಳಿಗೆ ಮಗ ಶ್ರೀರಾಮ್ ನಿಂತ. ಶ್ರೀರಂಗಪಟ್ಟಣದಲ್ಲಿ ಆಫೀಸು ಕೆಲಸ, ಬೆಳಿಗ್ಗೆ ಸ್ಕೂಟರಿನಲ್ಲಿ ಬಂದು, ಪ್ಯಾಂಟಿನ ಮೇಲೆಯೇ ಪಂಚೆ ಸುತ್ತಿ, ಗಂಟೆ ಅಲ್ಲಾಡಿಸಿ, ವಾಪಸು ಆಫೀಸಿಗೆ ಓಡುವ ಪೂಜೆ. ನಾಗೇಂದ್ರ ಬೀಗದಕೈ ಕೊಡಲಿಲ್ಲ. ಡೈರಿಯ ಮುಂದೆ, ಅರಳಿಕಟ್ಟೆಯ ಮೇಲೆ, ಕೇಳಿದವರಿಗೂ ಕೇಳದವರಿಗೂ ಹೇಳಿದ: ಆ ಹುಡುಗನಿಗೆ ಬಾಯಿಪಾಠ ಇದೆ, ಮನಸ್ಸಿಲ್ಲ, ಮನಸ್ಸಿಲ್ಲದ ಪೂಜೆ ಪೂಜೆಯೇ ಅಲ್ಲ. ಅತ್ತಿಗೆ ಸರೋಜ ಕೋರ್ಟಿಗೆ ಹೋದಳು. ಶ್ರೀರಾಮನ ಪಾಳಿಯ ತಿಂಗಳಲ್ಲಿ ನಾಗೇಂದ್ರ ಗರ್ಭಗುಡಿಯೊಳಗೆ ಕಾಲಿಡಕೂಡದು, ಪೂಜೆ ಮಾಡಕೂಡದು ಎಂದು ತಡೆಯಾಜ್ಞೆ ಬಂತು. ಆಜ್ಞೆ ಬಂದ ಮೊದಲ ತಿಂಗಳೇ, ಒಂದು ಸೋಮವಾರ, ಅವನು ಒಳಗೆ ಹೋಗಿ ಅಭಿಷೇಕ ಮಾಡಿ ಮಂಗಳಾರತಿ ಎತ್ತಿದ. ಎತ್ತುತ್ತಿದ್ದಾಗಲೇ ಶ್ರೀರಾಮ್ ಬಂದು ಮೊಬೈಲಿನಲ್ಲಿ ವಿಡಿಯೋ ತೆಗೆದ. ಹಾಗಾಗಿ ಮಾಡಿದ್ದು ಹೌದೋ ಅಲ್ಲವೋ ಎಂಬುದು ಈಗ ಪ್ರಶ್ನೆಯೇ ಅಲ್ಲ. ಬೇಕಂತಲೇ ಮಾಡಿದ್ದೋ ಅಲ್ಲವೋ ಎಂಬುದಷ್ಟೇ ಉಳಿದಿರುವುದು. ಬೇಕಂತಲೇ ಎಂದಾದರೆ ಸಿವಿಲ್ ಜೈಲು. ಜೈಲಿಗೆ ಹೋಗಿಬಂದ ಅರ್ಚಕನ ಕೈಯಿಂದ ಯಾವ ಊರು ತೀರ್ಥ ತೆಗೆದುಕೊಳ್ಳುತ್ತದೆ. ಅಲ್ಲಿಗೆ ಅವನ ಪಾಳಿಯೂ ಮುಗಿದ ಹಾಗೆಯೇ.

ಬೇಕಂತಲೇ ಅಲ್ಲ, ಎಂದು ಅವನು ಪ್ರಮಾಣ ಮಾಡಿ ಬರೆದುಕೊಟ್ಟಾಗಿದೆ. ಲಾಯರು ರಂಗಸ್ವಾಮಿ ಬರೆಸಿದ್ದು, ಇವನು ರುಜು ಹಾಕಿದ್ದು. ಬಹುಕಾಲದ ರೂಢಿಬಲದಿಂದ, ಮನಸ್ಸು ಬೇರೆಡೆ ಇದ್ದ ಕಾರಣ, ಯಾವ ಉದ್ದೇಶವೂ ಇಲ್ಲದೆ ಕೈ ತಾನಾಗಿ ಮಾಡಿದ ಕೆಲಸ. ಓದಿ ಹೇಳಿದಾಗ ಅದು ನಿಜವೆಂದೇ ತೋರಿತ್ತು. ಕೈ ತಾನಾಗಿ ಮಾಡುವುದು ಸುಳ್ಳೇನಲ್ಲ. ಈಗಲೂ ಬಸ್ಸಿನಲ್ಲಿ ಕೂತು, ತೊಡೆಯ ಮೇಲಿನ ಬಲಗೈ ಬಿಲ್ವ ಎಸೆಯುವ ಹಾಗೆ ಮೆಲ್ಲಗೆ ಮುಂದಕ್ಕೆ ಹೋಗಿ ಬರುತ್ತಿತ್ತು, ನೋಡಿ ನಾಚಿಕೆಯಾಗಿ ಅದನ್ನು ಎಡಗೈಯಲ್ಲಿ ಅದುಮಿ ಹಿಡಿದ. ಪಕ್ಕದ ಕಾಲೇಜು ಹುಡುಗಿ ಸ್ವಲ್ಪ ಸರಿದು ಕೂತಳು. ಹುಚ್ಚು ಎಂದುಕೊಂಡಳೋ ಏನೋ. ಅಪರ್ಣ ಕೂಡ ಹಾಗೆಯೇ ಅಂದುಕೊಂಡಿರಬಹುದು, ಹೆಂಡತಿಯಾದ್ದರಿಂದ ಬಾಯಿಬಿಟ್ಟು ಹೇಳುವುದಿಲ್ಲ. ತನ್ನ ಪಾಳಿಯಲ್ಲಿ ಆರತಿ ಎತ್ತಿದಾಗಲೆಲ್ಲ ಅವನಿಗೆ ನವರಂಗದಲ್ಲಿ ಯಾರದೋ ಫೋನು ಹೊಡೆದುಕೊಳ್ಳುವುದು ಕೇಳುತ್ತದೆ. ಫೋನು ಆರಿಸಿ ಒಳಗೆ ಬನ್ನಿ ಎಂದು ರಟ್ಟಿನ ಮೇಲೆ ಬರೆದು ತೂಗುಹಾಕಿದ. ಆದರೂ ಕೇಳುತ್ತದೆ. "ಯಾರ ಫೋನೂ ಹೊಡ್ಕೊಳ್ತಿಲ್ಲ ಕಣ್ರಿ" ಎಂದು ಅಪರ್ಣ ಎರಡು ಮೂರು ಸಲ ಹೇಳಿ, ಈಚೆಗೆ ಹೇಳುವುದನ್ನೂ ಬಿಟ್ಟಿದ್ದಾಳೆ. ಅವಳಿಗೆ ಹೇಳದೆ ಇಟ್ಟುಕೊಂಡದ್ದು ಇನ್ನೊಂದಿದೆ. ತೀರ್ಥ ಹಾಕುವಾಗ ಬಗ್ಗಿ, ಮುಖ ನೋಡದೆ, ಚಾಚಿದ ಅಂಗೈಗಳಿಗೆ ಒಂದೊಂದು ಉದ್ಧರಣೆ ಹಾಕುತ್ತ ಹೋಗುತ್ತಾನೆ. ಇರುವ ಜನಕ್ಕಿಂತ ಒಂದು ಅಂಗೈ ಹೆಚ್ಚಿರುತ್ತದೆ. ತಲೆಯೆತ್ತಿದರೆ ಇರುವುದಿಲ್ಲ. ನೆಲದ ಮೇಲೆ ಒಂದು ಉದ್ಧರಣೆಯಷ್ಟು ನೀರು ಮಾತ್ರ ಬಿದ್ದಿರುತ್ತದೆ.

ಬಸ್ಸು ನಿಂತಿತು. ಪುಟ್ಟಗೌರಮ್ಮ ಇಳಿದು, ತಿರುಗಿ ನೋಡದೆ, ಕೋರ್ಟಿನ ಕಾಂಪೌಂಡಿನೊಳಗೆ ನಡೆದಳು. ಮೊದಲಿನಿಂದಲೂ ಅವಳಿಗೆ ತಾನು ಬಸ್ಸಿನಲ್ಲಿರುವುದು ಗೊತ್ತಿತ್ತು ಎಂದು ಅವನಿಗೆ ಖಾತ್ರಿಯಾಯಿತು.

ರಂಗಸ್ವಾಮಿ ಎದುರಿನ ಟೀ ಅಂಗಡಿಯಲ್ಲಿ ಕಪ್ಪು ಕೋಟನ್ನು ಮೊಣಕೈ ಮೇಲೆ ಹಾಕಿಕೊಂಡು ನಿಂತಿದ್ದ. ತನಗೊಂದು ಟೀ, ಇವನಿಗೆ ಬಿಸಿ ಹಾಲು ಹೇಳಿದ. ಅಂಗಡಿಯವನು ಅಯ್ಯನವರಿಗೆಂದು ಗಾಜಿನ ಲೋಟವನ್ನು ಇನ್ನೊಂದು ಸಲ ತೊಳೆದು ಕೊಟ್ಟ. ಅದನ್ನು ನೋಡಿ ನಾಗೇಂದ್ರನಿಗೆ ಸಂತೋಷವಾಯಿತು, ಇಂಥದ್ದಕ್ಕೆಲ್ಲ ಸಂತೋಷಪಡುವ ಹಾಗಾಯಿತಲ್ಲ ಎಂದು ಬೇಜಾರೂ ಆಯಿತು. "ಕಾನೂನು ನಮ್ ಕಡೆ ಅದೆ ಸ್ವಾಮಿ" ಎಂದು ರಂಗಸ್ವಾಮಿ ಟೀ ಊದಿದ. "ಆಜ್ಞೆ ಮೀರಿದ್ರೆ ಸಾಲ್ದು, ಬೇಕಂತ್ಲೇ ಮೀರಿರ್ಬೇಕು. ಅದನ್ನ ಸಾಬೀತು ಮಾಡೋದು ಅವರ ತಲೆನೋವು. ನಿಮ್ ಎದೆ ಒಳಗೆ ಏನಿತ್ತು ಅಂತ ಅವ್ರೇನ್ ವಿಡಿಯೋ ತೆಗ್ದವ್ರಾ?"

"ಮನಸ್ಸು ಎಲ್ಲಿತ್ತು ಅಂತ ಕೇಳಿದ್ರೆ ಏನು ಹೇಳ್ಲಿ?"

"ಗೊತ್ತಿಲ್ಲ ಅನ್ನಿ. ಕಟಕಟೇಲಿ ಅದಕ್ಕಿಂತ ಒಳ್ಳೆ ಉತ್ತರ ಇಲ್ಲ. ಬೆಳಿಗ್ಗೆ ಎದ್ರೆ ಕಾಲು ಗುಡಿಗೋಯ್ತದೆ, ಕೈ ಗಂಟೆ ಹಿಡೀತದೆ, ಅಷ್ಟೇ. ಕೊನೇಲಿ ಕ್ಷಮೆ ಕೇಳಿ ಇಳುದ್ಬುಡಿ. ಸಾಹೇಬ್ರು ಒಳ್ಳೆಯವ್ರು."

"ಪುಟ್ಟಗೌರಮ್ಮ ಬಂದಿದ್ದಾಳೆ."

ರಂಗಸ್ವಾಮಿಯ ಹುಬ್ಬು ಒಂದಿಷ್ಟು ಗಂಟಾಯಿತು. ಎದುರಾಳಿಗಳ ಕೈಯಲ್ಲಿ ಏನಾದರೂ ಇದ್ದರೆ ಅದು ಅವಳ ಮಾತೊಂದೇ. ಹೋದ ಸಲ ಅವಳು ಕಟಕಟೆಯಲ್ಲಿ ನಿಂತು, ಆವತ್ತು ನನ್ ಮಗಳ್ ಎಸ್ರಲ್ಲಿ ಪೂಜೆ ಮಾಡ್ಕೊಡಿ ಅಂತ ನಾನೇ ಕೇಳ್ಕಂಡೆ, ಅಯ್ನೋರು ಬಾಗ್ಲು ತೆಗುದ್ರು ಎಂದಿದ್ದಳು. ಕೇಳಿಸಿಕೊಂಡು ಮಾಡಿದ್ದಾದರೆ ರೂಢಿ ಹೇಗಾಗುತ್ತದೆ. ಆಗ ರಂಗಸ್ವಾಮಿ ಎದ್ದುನಿಂತು, ಅವರು ನಿನ್ನ ಮಾತು ಕಿವಿಗೇ ಹಾಕಿಕೊಂಡಿರಲಿಲ್ಲ, ತಮ್ಮ ಪಾಡಿಗೆ ತಾವು ಅಭ್ಯಾಸದಿಂದ ಮಾಡಿದರು, ನಿನ್ನ ಮಗಳಿಗೋಸ್ಕರ ಮಾಡಿದ್ದಲ್ಲ ಎಂದರೆ ಸರಿಯೇ ಎಂದು ಕೇಳಿದ್ದ. ಅವಳು, "ಅಂಗಂತ ಅವ್ರೇ ಯೋಳ್ಲಿ" ಎಂದಿದ್ದಳು. ಆ ಮಾತು ನೆನಪಾಗಿ ನಾಗೇಂದ್ರ ಹಾಲಿನ ಲೋಟವನ್ನು ಅರ್ಧಕ್ಕೇ ಕೆಳಗಿಟ್ಟ. "ಬರ್ಲಿ ಬುಡಿ ಸ್ವಾಮಿ, ಅವಳದ್ದು ಮುಗುದೋದ ಕತೆ" ಎಂದು ರಂಗಸ್ವಾಮಿ ಕೋಟು ತೊಟ್ಟುಕೊಂಡ.

ಕೋರ್ಟಿನ ಜಗಲಿಯಲ್ಲಿ ಎರಡು ಬೆಂಚು. ಒಂದರಲ್ಲಿ ಅತ್ತಿಗೆ ಸರೋಜ, ಪಕ್ಕದಲ್ಲಿ ಶ್ರೀರಾಮ್. ಹುಡುಗನ ತಲೆಯ ಮುಂಭಾಗ ಆಗಲೇ ಬೋಳಾಗುತ್ತಿದೆ, ಅಣ್ಣನಿಗೂ ಹೀಗೆಯೇ ಬೇಗ ಕೂದಲು ಹೋಗಿತ್ತು. ಇವನನ್ನು ತಾನು ಸೊಂಟದ ಮೇಲೆ ಎತ್ತಿಕೊಂಡು ಗುಡಿ ಸುತ್ತಿದ್ದುಂಟು. ಗಂಟೆಯ ನಾಲಿಗೆ ಎಟಕಿಸಿಕೊಟ್ಟರೆ ಎರಡೂ ಕೈಯಲ್ಲಿ ಹಿಡಿದು ಬಿಡುತ್ತಲೇ ಇರಲಿಲ್ಲ. ಅತ್ತಿಗೆ ಇವನ ಕಡೆ ನೋಡಿ, ತಲೆ ತಗ್ಗಿಸಿ, ಸೆರಗು ಹೊದ್ದುಕೊಂಡಳು. ಅದು ಅವಳ ಹಳೆಯ ಮರ್ಯಾದೆ. ಕೇಸು ಹಾಕಿದವಳು ಈ ಮರ್ಯಾದೆಯನ್ನಾದರೂ ಬಿಡಬಾರದೇ ಎಂದು ಅವನಿಗೆ ಸಿಟ್ಟು ಬಂತು, ತಾನು ಸಿಟ್ಟಾಗಿರಬೇಕಾದದ್ದು ಇದಕ್ಕಲ್ಲ ಎಂದೂ ಅನ್ನಿಸಿತು. ಇನ್ನೊಂದು ಬೆಂಚಿನಲ್ಲಿ ಪುಟ್ಟಗೌರಮ್ಮ ಇದ್ದಳು. ನಿಂತೇ ಇದ್ದರೆ ಹೆದರಿದ ಹಾಗೆ ಕಾಣುತ್ತದೆಂದು ಅವನು ಆ ಬೆಂಚಿನ ಈ ತುದಿಯಲ್ಲಿ ಕೂತ.

"ಉಂಡ್ಕಂಡ್ ಬಂದ್ರಾ ಅಯ್ನೋರೆ?" ಎಂದಳು.

"ಹ್ಞೂಂ. ಆಯ್ತು."

"ಅಮ್ಮಾವ್ರು ಚೆಂದಾಗವ್ರಾ?" ಎಂದು ಕೇಳಿ, ಉತ್ತರಕ್ಕೆ ಕಾಯದೆ, ಎದುರಿನ ಗೋಡೆಗೆ ಹೇಳುವವಳ ಹಾಗೆ ಮಾತು ಮುಂದುವರಿಸಿದಳು. "ಸ್ವೇತನ್ ಗಂಡ ಮಾಕವಳ್ಳಿ ಫ್ಯಾಕ್ಟ್ರಿ ಕೆಲ್ಸಕ್ಕೆ ತಿರ್ಗಾ ಓಯ್ತಾವ್ನಂತೆ. ನಾಗಮಂಗ್ಲದ ಕಡೆ ಹೆಣ್ಣು ನೋಡ್ತಾವ್ರೆ ಅಂತ ಯಾರೋ ಅಂದ್ರು. ನೋಡ್ಲಿ ಬುಡಿ, ಅವ್ನೂ ವಯಸ್ಸಿನ್ ಉಡ್ಗ. ನಮ್ಮನ್ಯೋರು ಸಿಟ್ಕತಾರೆ. ನಾನು ಅಂದೆ, ಸಿಟ್ಕಂಡ್ರೆ ಕಿಕ್ಕೇರಿ ಮಣ್ಣಿಂದ ಎದ್ದು ಬಂದಾಳಾ ಅವ್ಳು."

ನಾಗೇಂದ್ರ ತಲೆಯಾಡಿಸಿದ. ಏನಾದರೂ ಸಮಾಧಾನ ಹೇಳಬೇಕು. ಊರಿಗೆಲ್ಲ ಸಮಾಧಾನ ಹೇಳುವುದು ಅವನ ಮನೆತನದ ಕೆಲಸ, ಸತ್ತವರ ಮನೆಯಲ್ಲಿ ಏನು ಹೇಳಬೇಕೆಂಬುದು ನಾಲಿಗೆಯ ಮೇಲೆಯೇ ಇರುತ್ತದೆ. ಅದರ ಬದಲು, "ನೀನು ಇವತ್ತು ಯಾಕೆ ಬಂದೆ ಅವ್ವ?" ಎಂದು ಕೇಳಿಬಿಟ್ಟ. ಕೇಳಿದ್ದು ಒರಟಾಯಿತು ಎನ್ನಿಸಿತು.

"ಸುಮ್ನೆ ಬಂದೆ ಕಣ್ ಅಯ್ನೋರೆ. ನೀವೇನ್ ಯೋಳೀರಿ ಕೇಳಾನ ಅಂತ" ಎಂದು ಅವಳು ಮಡಿಲಲ್ಲಿದ್ದ ಕೈಚೀಲದ ದಾರವನ್ನು ಬೆರಳಿಗೆ ಸುತ್ತಿಕೊಳ್ಳತೊಡಗಿದಳು. ಬೆರಳ ತುದಿ ಬೆಳ್ಳಗಾಗುವವರೆಗೂ ಸುತ್ತಿದಳು, ಆಮೇಲೆ ಬಿಚ್ಚಿದಳು.

ಆ ಸೋಮವಾರವೂ ಅವಳ ಕೈಯಲ್ಲಿ ಇಂಥದೇ ಒಂದು ಚೀಲವಿತ್ತು, ಒಳಗೆ ಒಂದು ತೆಂಗಿನಕಾಯಿ, ಎರಡು ಬಾಳೆಹಣ್ಣು. ಅವನು ಗುಡಿಯ ಹೊರಜಗಲಿಯಲ್ಲಿ ಕೂತಿದ್ದ. ಪಾಳಿಯಲ್ಲದ ತಿಂಗಳಲ್ಲಿ ಅಲ್ಲಿ ಹೋಗಿ ಕೂರುವ ಅಗತ್ಯವೇನೂ ಇರಲಿಲ್ಲ, ಆದರೂ ಹೋಗಿ ಕೂತಿದ್ದ. ಎದುರಿನ ಕಂಬಕ್ಕೆ ಶ್ರೀರಾಮ್ ತಡೆಯಾಜ್ಞೆಯ ನಕಲನ್ನು ಗೋಂದು ಹಚ್ಚಿ ಅಂಟಿಸಿದ್ದ. ಹಾಲು ಹಾಕಿ ಹೋಗುವವರೆಲ್ಲ ನಿಂತು, ನಾಗೇಂದ್ರ ಎಂಬುವರು ಎಂದು ಜೋರಾಗಿ ಓದಿಕೊಂಡು ಹೋಗುತ್ತಿದ್ದರು. ಎಂಬುವರು! ಆ ಒಂದು ಶಬ್ದಕ್ಕೆ ಅವನಿಗೆ ರಾತ್ರಿಯೆಲ್ಲ ನಿದ್ದೆ ಬಂದಿರಲಿಲ್ಲ. ಪುಟ್ಟಗೌರಮ್ಮ ಓಡುತ್ತಲೇ ಬಂದಳು. ಮಗಳು ಶ್ವೇತಳನ್ನು ಮೈಸೂರಿನ ಆಸ್ಪತ್ರೆಗೆ ಸೇರಿಸಿ ಎರಡು ದಿನವಾಗಿತ್ತು, ಹೆರಿಗೆ ಕಷ್ಟವಾಗಿ ಮಗು ಉಳಿದಿರಲಿಲ್ಲ, ತಾಯಿಗೆ ರಕ್ತ ನಿಲ್ಲುತ್ತಿರಲಿಲ್ಲ. "ಆಪರೇಸನ್‌ಗೆ ಒಳಿಕ್ ತಕಂಡೋಗವ್ರಂತೆ ಅಯ್ನೋರೆ. ಒಂದ್ ಪೂಜೆ ಮಾಡ್ಕೊಡಿ. ಸಿರಿರಾಮಣ್ಣ ಇನ್ನೂ ಬಂದಿಲ್ಲ." ನನ್ನ ಪಾಳಿಯಲ್ಲವಲ್ಲ ಅವ್ವ ಎಂದು ಅವನು ಒಂದು ಸಲ ಅಂದ. ಅಂದದ್ದು ನಿಜ, ಅದನ್ನು ಅವಳೂ ಸಾಕ್ಷಿಯಲ್ಲಿ ಹೇಳಿದ್ದಾಳೆ. ಆಮೇಲೆ ಅವನ ತಲೆಗೆ ಬಂದದ್ದು ಶ್ವೇತಳಲ್ಲ. ಇದಕ್ಕಿಂತ ಒಳ್ಳೆಯ ಸಂದರ್ಭ ಸಿಕ್ಕೀತೇ ಎಂದು ಬಂತು. ಸಾಯುವ ಹುಡುಗಿಗಾಗಿ ಪೂಜೆ ಮಾಡಿದ ಎಂದರೆ ಯಾವ ಕೋರ್ಟು ಏನೆಂದೀತು. ಶ್ರೀರಾಮ್ ಬರುವಷ್ಟರಲ್ಲಿ ಅಭಿಷೇಕ ಮುಗಿದಿರಬೇಕು, ಕಂಬದ ಮೇಲಿನ ಕಾಗದ ಅಲ್ಲೇ ಇರಬೇಕು, ದೇವರು ತನ್ನ ಕೈಯಲ್ಲೇ ಮಿಂದಿರಬೇಕು, ಅವನು ಅದನ್ನು ನೋಡಬೇಕು. ಸೊಂಟದಲ್ಲಿ, ಕೊಡದೆ ಉಳಿಸಿಕೊಂಡಿದ್ದ ಹಳೆಯ ಬೀಗದಕೈ ಇತ್ತು. ಅದನ್ನು ತಿರುಗಿಸಿದಾಗ ಎದೆಯಲ್ಲಿ ಎದ್ದ ಖುಷಿ ಇವತ್ತೂ ನೆನಪಿದೆ. ನೆನೆದರೆ ತನ್ನ ಮೈ ತನಗೇ ಹೇಸುತ್ತದೆ.

ಅಭಿಷೇಕ ಬೇಗ ಬೇಗ ಮುಗಿಯಿತು. ಬಾಯಿ ರುದ್ರ ಹೇಳುತ್ತಿತ್ತು, ಕಿವಿ ರಸ್ತೆಯ ಕಡೆ ಇತ್ತು. ಕರ್ಪೂರ ಹಚ್ಚಿ ತಟ್ಟೆ ಎತ್ತಿದಾಗ ಅರಳಿಮರದ ತಿರುವಿನಲ್ಲಿ ಸ್ಕೂಟರಿನ ಸದ್ದು ಕೇಳಿತು. ಅದೇ ಹೊತ್ತಿಗೆ ಅವನ ಬೆನ್ನ ಹಿಂದೆ, ನವರಂಗದಲ್ಲಿ, ಪುಟ್ಟಗೌರಮ್ಮನ ಫೋನು ಹೊಡೆದುಕೊಂಡಿತು. ಅವಳು ಎತ್ತಿದಳು. ಆಂ, ಎಂದಳು. ಇನ್ನೊಂದು ಸಲ ಆಂ ಎಂದಳು. ಆಮೇಲೆ ಅವಳು ಕೂತುಕೊಂಡ ಸದ್ದು ಕೇಳಿತು, ಅಕ್ಕಿಮೂಟೆ ಇಳಿಸಿದ ಹಾಗೆ ಕೂತುಬಿಟ್ಟಳು. ಏನಾಯಿತೆಂದು ಅವನಿಗೆ ಆ ಕ್ಷಣವೇ ಗೊತ್ತಾಯಿತು. ತಟ್ಟೆ ಇಳಿಸಬೇಕಿತ್ತು. ತಿರುಗಬೇಕಿತ್ತು. ಸ್ಕೂಟರು ಬಾಗಿಲಲ್ಲಿ ನಿಂತಿತ್ತು, ಚಪ್ಪಲಿ ಬಿಡುವ ಸದ್ದಾಯಿತು, ಅವನು ತಟ್ಟೆಯನ್ನು ಇನ್ನೂ ಮೇಲಕ್ಕೆ ಎತ್ತಿದ. ಶ್ರೀರಾಮನಿಗೆ ಚೆನ್ನಾಗಿ ಕಾಣಲಿ ಎಂದು ಎತ್ತಿದ. ಹೋದ ಸಲ ಕೋರ್ಟಿನಲ್ಲಿ ವಿಡಿಯೋ ಹಾಕಿ ತೋರಿಸಿದಾಗ ಎಲ್ಲರಿಗೂ ಕಂಡದ್ದು ಇವನ ಬರಿಬೆನ್ನು, ಮೇಲೇರುವ ಬೆಂಕಿ, ಕೆಳಗೆ ಒಂದು ಹಸಿರು ಸೀರೆ. ಮುಖ ಕಾಣಲಿಲ್ಲವಲ್ಲ ಎಂದು ರಂಗಸ್ವಾಮಿ ಆಮೇಲೆ ಸಮಾಧಾನಪಟ್ಟಿದ್ದ.

ಒಳಗಿನಿಂದ ಹೆಸರು ಕೂಗಿದರು. ನಾಗೇಂದ್ರ, ಎದುರುದಾರ.

ಕಟಕಟೆಯ ಕಟ್ಟಿಗೆ ಬಹಳ ಜನ ಹಿಡಿದು ನುಣುಪಾಗಿತ್ತು. ಸತ್ಯವನ್ನೇ ಹೇಳುತ್ತೇನೆ ಎಂದು ಹೇಳಿಸಿದರು, ಹೇಳಿದ. ಶ್ರೀರಾಮನ ಪರವಾಗಿ ಎದ್ದವಳು ಪ್ರಿಯಾಂಕ ಎಂಬ ಹುಡುಗಿ, ಕೆ.ಆರ್. ಪೇಟೆಯ ಕಡೆಯ ಒಕ್ಕಲು ಮನೆಯವಳಂತೆ, ಇವನ ತಂಗಿಯ ಮಗಳ ವಯಸ್ಸಿರಬೇಕು. ಕಪ್ಪು ಕೋಟಿನ ತೋಳು ಉದ್ದವಾಗಿ ಮಣಿಕಟ್ಟಿನ ಮೇಲೆ ಬೀಳುತ್ತಿತ್ತು, ಅದನ್ನು ಮತ್ತೆ ಮತ್ತೆ ಹಿಂದಕ್ಕೆ ತಳ್ಳಿಕೊಳ್ಳುತ್ತಿದ್ದಳು. ಇವಳಿಗೆ ಹೆದರಬೇಕಾದದ್ದೇನೂ ಇಲ್ಲ ಎಂದುಕೊಂಡ.

"ತಡೆಯಾಜ್ಞೆ ನಿಮಗೆ ಗೊತ್ತಿತ್ತು ಅಲ್ವಾ?"

"ಗೊತ್ತಿತ್ತು."

"ಆ ಸೋಮವಾರ ನಿಮ್ಮ ಪಾಳಿ ಅಲ್ಲ ಅನ್ನೋದೂ ಗೊತ್ತಿತ್ತು?"

"ಗೊತ್ತಿತ್ತು."

"ಆದ್ರೂ ಪೂಜೆ ಮಾಡಿದ್ದು ಕೈಯ ಅಭ್ಯಾಸದಿಂದ. ಮನಸ್ಸು ಅಲ್ಲಿರಲಿಲ್ಲ."

"ಹೌದು." ರಂಗಸ್ವಾಮಿ ಕೂತಲ್ಲೇ ಸಣ್ಣಗೆ ತಲೆಯಾಡಿಸಿದ.

"ಮೂಲ ದಾವೆಯಲ್ಲಿ ನೀವು ಕೊಟ್ಟ ತಕರಾರಿನಲ್ಲಿ, ಶ್ರೀರಾಮ್ ಅವರಿಗೆ ಮನಸ್ಸಿಲ್ಲ, ಮನಸ್ಸಿಲ್ಲದ ಪೂಜೆ ಪೂಜೆಯೇ ಅಲ್ಲ ಅಂತ ಬರೆಸಿದ್ದೀರಿ. ರುಜು ನಿಮ್ಮದೇ ತಾನೆ?"

"ನನ್ನದೇ."

"ಹಾಗಾದ್ರೆ ಆವತ್ತು ನೀವು ಮಾಡಿದ್ದೂ ಪೂಜೆ ಅಲ್ಲ."

ರಂಗಸ್ವಾಮಿ ಎದ್ದು ಆಕ್ಷೇಪಿಸಿದ. ನ್ಯಾಯಾಧೀಶರು ಕನ್ನಡಕದ ಮೇಲಿನಿಂದ ನೋಡಿ, ಮುಂದಿನ ಪ್ರಶ್ನೆ ಕೇಳಿಯಮ್ಮ ಎಂದರು. ಪ್ರಿಯಾಂಕ ತೋಳನ್ನು ಹಿಂದಕ್ಕೆ ತಳ್ಳಿಕೊಂಡಳು. "ಸ್ವಾಮಿ, ಯಾರಾದ್ರೂ ಭಕ್ತರು ಬಂದು ಪೂಜೆ ಮಾಡಿಕೊಡಿ ಅಂದ್ರೆ ಮೊದಲು ಏನು ಮಾಡ್ತೀರಿ?"

"ಸಂಕಲ್ಪ."

"ಅಂದ್ರೆ?"

"ಇಂಥಾ ಊರಲ್ಲಿ, ಇಂಥಾ ದಿನ, ಇಂಥವರಿಗೋಸ್ಕರ ಈ ಪೂಜೆ ಮಾಡ್ತೀನಿ ಅಂತ ದೇವರಿಗೆ ಹೇಳಿಕೊಳ್ಳೋದು. ಅವರ ನಕ್ಷತ್ರ, ಹೆಸರು ಎಲ್ಲ ಹೇಳಿ."

"ಅದಿಲ್ಲದೆ ಯಾರ ಹೆಸರಲ್ಲೂ ಪೂಜೆ ಆಗೋದಿಲ್ಲ?"

"ಆಗೋದಿಲ್ಲ."

"ಆವತ್ತು, ಪುಟ್ಟಗೌರಮ್ಮನವರ ಮಗಳಿಗೋಸ್ಕರ, ಸಂಕಲ್ಪ ಮಾಡಿದ್ರಾ?"

ಎಷ್ಟು ಸಲೀಸಾಗಿ ಕೇಳಿಬಿಟ್ಟಳು ಈ ಹುಡುಗಿ. ಇಷ್ಟು ತಿಂಗಳು ಮಲಗುವಾಗ ಏಳುವಾಗ ತಾನು ಸುತ್ತಿ ಬಳಸಿ ತಪ್ಪಿಸಿಕೊಂಡು ಓಡಾಡಿದ ಜಾಗಕ್ಕೆ ನೇರ ಬಂದು ನಿಂತಳು. ಮಾಡಿದೆ ಎಂದರೆ ತಿಳಿದೂ ತಿಳಿದೂ ಮಾಡಿದ ಹಾಗೆ, ಅಲ್ಲಿಗೆ ಜೈಲು. ಮಾಡಲಿಲ್ಲ ಎಂದರೆ ತಾನು ಪಾರು. ಆದರೆ ಮಗಳು ಆಪರೇಷನ್ ಮೇಜಿನ ಮೇಲಿದ್ದಾಗ ಆ ತಾಯಿ ಮಾಡಿಸಿದ ಪೂಜೆ ನಡೆಯಲೇ ಇಲ್ಲ ಎಂದಾಗುತ್ತದೆ, ಅದನ್ನು ಅವಳ ಎದುರಿಗೇ ಹೇಳಿದಂತಾಗುತ್ತದೆ. ಅವನು ಹಿಂದಿನ ಸಾಲಿನ ಕಡೆ ನೋಡಿದ. ಪುಟ್ಟಗೌರಮ್ಮ ಅಳುತ್ತಿರಲಿಲ್ಲ. ಬಸ್ಸಿಗೆ ಕಾಯುವವರು ರಸ್ತೆಯ ತಿರುವನ್ನು ನೋಡುತ್ತಾರಲ್ಲ, ಹಾಗೆ ಅವನ ಬಾಯನ್ನು ನೋಡುತ್ತಿದ್ದಳು. ಹೋಗಲಿ, ಮಗಳಂತೂ ಹೋದಳು, ಪೂಜೆಯಾದರೂ ಉಳಿಯಲಿ. ಇಷ್ಟಾದರೂ ಕೊಡುತ್ತೇನೆ ಇವಳಿಗೆ, ಎಂದು ಅವನ ಕಣ್ಣು ತುಂಬಿ ಬಂತು. ಜೈಲಾದರೆ ಜೈಲು.

"ಮಾಡಿದೆ" ಎಂದ.

ರಂಗಸ್ವಾಮಿ ದಡಬಡಿಸಿ ಎದ್ದ. ನ್ಯಾಯಾಧೀಶರು ಕೈ ಮಾಡಿ ಕೂರಿಸಿದರು. ಪ್ರಿಯಾಂಕಳಿಗೂ ಈ ಉತ್ತರ ಬರುತ್ತದೆಂದು ಎಣಿಕೆ ಇರಲಿಲ್ಲವೇನೋ, ಮತ್ತೆ ತೋಳು ತಳ್ಳಿಕೊಂಡು, "ಏನಂತ ಮಾಡಿದ್ರಿ? ಇಲ್ಲಿ ಹೇಳಿ" ಎಂದಳು. ನಾಗೇಂದ್ರ ಕಟ್ಟಿಗೆಯಿಂದ ಕೈ ತೆಗೆದು, ಎಡ ಅಂಗೈ ಮೇಲೆ ಬಲ ಅಂಗೈ ಇಟ್ಟು ತೊಡೆಗೆ ಒತ್ತಿಕೊಂಡು, ಕಣ್ಣು ಮುಚ್ಚಿದ. ಮೈ ಹಗುರಾಯಿತು. ಎಷ್ಟೋ ದಿನದ ಮೇಲೆ ದನಿ ಎದೆಯಾಳದಿಂದ ಬಂತು. ಗೋದಾವರಿಯ ದಕ್ಷಿಣ ತೀರ ಎಂದ, ಸಂವತ್ಸರ ಹೇಳಿದ, ಋತು, ಮಾಸ, ಪಕ್ಷ, ಆವತ್ತಿನ ತಿಥಿ ಹೇಳಿದ, ಇಂದುವಾಸರ ಎಂದ. ಟೈಪಿಸ್ಟು ಕೂಡ ಕೈ ಎತ್ತಿ ಕೂತಿದ್ದ. ತನ್ನ ದನಿ ಚೆನ್ನಾಗಿದೆ ಎಂದು ನಾಗೇಂದ್ರನಿಗೆ ಅನ್ನಿಸಿತು. ತಾನು ಈ ಹೆಂಗಸಿಗಾಗಿ ಎಂಥದನ್ನು ಬಿಟ್ಟುಕೊಡುತ್ತಿದ್ದೇನೆ ಎಂದು ಶ್ರೀರಾಮನೂ ಕೇಳಲಿ ಎನ್ನಿಸಿತು. ಆವತ್ತು ತಟ್ಟೆ ಎತ್ತಿದಾಗಲೂ ಹೀಗೆಯೇ ಅನ್ನಿಸಿತ್ತು. ನಕ್ಷತ್ರ ಬರಬೇಕಾದ ಜಾಗಕ್ಕೆ ಬಂದು ಬಾಯಿ ನಿಂತಿತು. ಅಶ್ವಿನಿಯಿಂದ ರೇವತಿಯವರೆಗೆ ಎಲ್ಲವೂ ನಾಲಿಗೆಗೆ ಬಂದವು. ಯಾವುದನ್ನು ಹೇಳಿದರೂ ನಡೆಯುತ್ತಿತ್ತು, ಯಾರು ಕೇಳುವವರು. ಮುಚ್ಚಿದ ಕಣ್ಣೊಳಗೆ ಒಂದು ಅಂಗೈ ಚಾಚಿಕೊಂಡು ನಿಂತಿತ್ತು. ಅವನು ಕಣ್ಣು ಬಿಟ್ಟು, ಕಟಕಟೆಯಿಂದ ಅರ್ಧ ತಿರುಗಿ, ಹಿಂದಿನ ಸಾಲಿಗೆ ಕೇಳಿದ.

"ಅವ್ವ, ಮಗಳ ನಕ್ಷತ್ರ ಯಾವುದು?"

ಪುಟ್ಟಗೌರಮ್ಮ ಎದ್ದು ನಿಂತಳು.

"ಅನೂರಾಧ" ಎಂದಳು. ಅವಳ ದನಿ ಜೋರಾಗೇನೂ ಇರಲಿಲ್ಲ. "ಅವತ್ತು ನಾಲ್ಗೆ ಮೇಲೇ ಇಟ್ಕಂಡ್ ನಿಂತಿದ್ದೆ ಕಣ್ ಅಯ್ನೋರೆ. ನೀವು ಕೇಳ್ನಿಲ್ಲ."

"ಕೂತ್ಕೊಳ್ಳಮ್ಮ, ಇಲ್ಲಿ ಹಾಗೆಲ್ಲ ಮಾತಾಡಬಾರದು" ಎಂದರು ನ್ಯಾಯಾಧೀಶರು.

ಅವಳು ಕೂರಲಿಲ್ಲ. "ಈಗ ಕೇಳ್ತಾರೆ, ಈಗ ಕೇಳ್ತಾರೆ ಅಂತ ಕಾಯ್ತಾನೇ ಇದ್ದೆ. ನೀರುಯ್ದ್ರಿ, ಊವ ಆಕುದ್ರಿ, ಕೇಳ್ನಿಲ್ಲ. ನಾನೇ ಕೂಗಿ ಯೋಳ್ಬುಡಾನಾ ಅಂತ ಬಾಯ್ ತೆಗುದೆ. ಪೋನ್ ಬಂದ್ಬುಡ್ತು."

ರಂಗಸ್ವಾಮಿಯ ಮುಖ ಬೆಳಗಿತು. ಅವನು ಎದ್ದು, ಸಾಕ್ಷಿಯೇ ಒಪ್ಪಿಕೊಂಡಂತಾಯಿತು ಮಹಾಸ್ವಾಮಿ, ಆವತ್ತು ಸಂಕಲ್ಪವೇ ಆಗಿಲ್ಲ, ನನ್ನ ಕಕ್ಷಿದಾರರು ಗಾಬರಿಯಲ್ಲಿ ಏನೋ ಹೇಳಿದರು, ಬರೀ ಅಭ್ಯಾಸ ಎಂಬುದು ಇದರಿಂದಲೇ ಸ್ಪಷ್ಟ ಎಂದು ಶುರುಮಾಡಿದ. ನ್ಯಾಯಾಧೀಶರು ಅವನನ್ನು ನಿಲ್ಲಿಸಿ ನಾಗೇಂದ್ರನ ಕಡೆ ತಿರುಗಿದರು. "ಒಂದೇ ಮಾತಲ್ಲಿ ಹೇಳಿ. ಸಂಕಲ್ಪ ಮಾಡಿದ್ರೋ, ಇಲ್ವೋ?" ರಂಗಸ್ವಾಮಿ ನಿಂತಲ್ಲಿಂದಲೇ ಇಲ್ಲ ಎನ್ನಿ ಎಂದು ಕಣ್ಣಲ್ಲೇ ಹೇಳುತ್ತಿದ್ದ. ಇಲ್ಲ ಎಂಬುದೇ ನಿಜ, ಇಲ್ಲ ಎಂದರೆ ಬಿಡುಗಡೆ; ಅಷ್ಟು ಹೇಳಿ ಇಳಿದುಬಿಡಬಹುದಿತ್ತು.

"ಇಲ್ಲ, ಮಾಡಲಿಲ್ಲ" ಎಂದ ನಾಗೇಂದ್ರ. ಟೈಪಿಸ್ಟು ಟೈಪು ಮಾಡಿದ. "ಆದರೆ ಅಭ್ಯಾಸ ಅಂದದ್ದು ಸುಳ್ಳು. ಬೇಕಂತಲೇ ಬಾಗಿಲು ತೆಗೆದೆ. ಅಣ್ಣನ ಮಗ ಬಂದು ನೋಡಲಿ ಅಂತ ತೆಗೆದೆ. ಫೋನ್ ಬಂದದ್ದು ಕೇಳಿಸ್ತು. ಹುಡುಗಿ ಹೋದಳು ಅಂತ ಗೊತ್ತಾಯ್ತು. ಆರತಿ ಇಳಿಸಲಿಲ್ಲ."

ರಂಗಸ್ವಾಮಿ ಫೈಲು ಮುಚ್ಚಿ ಕೂತ. ಶ್ರೀರಾಮ್ ತಲೆ ತಗ್ಗಿಸಿ ತನ್ನ ಅಂಗೈಗಳನ್ನು ನೋಡಿಕೊಳ್ಳುತ್ತಿದ್ದ. ಗೆದ್ದವನ ಹಾಗೆ ಕಾಣುತ್ತಿರಲಿಲ್ಲ. ನ್ಯಾಯಾಧೀಶರು ಟೈಪಿಸ್ಟಿಗೆ ನಿಧಾನವಾಗಿ ಹೇಳಿ ಬರೆಸಿದರು: ನ್ಯಾಯಾಲಯದ ಆಜ್ಞೆಯನ್ನು ನಾನು ತಿಳಿದೂ ಉದ್ದೇಶಪೂರ್ವಕವಾಗಿ ಮೀರಿರುತ್ತೇನೆ. ಸದರಿ ದಿನ ಶ್ವೇತ ಎಂಬುವರ ಹೆಸರಿನಲ್ಲಿ ಯಾವ ಪೂಜೆಯನ್ನೂ ಮಾಡಿರುವುದಿಲ್ಲ.

"ಸರಿಯಾಗಿದೆಯಾ?" ಎಂದು ಕೇಳಿದರು.

"ಸರಿಯಾಗಿದೆ."

ಅವನು ತಲೆಯೆತ್ತಿದಾಗ ಪುಟ್ಟಗೌರಮ್ಮ ಚೀಲವನ್ನು ತೋಳಿಗೆ ಏರಿಸಿಕೊಂಡು, ಬೆಂಚುಗಳ ಸಂದಿಯಿಂದ ಹೊರಗೆ ಬಂದಿದ್ದಳು. ಅವನ ಕಡೆ ನೋಡದೆ ಬಾಗಿಲವರೆಗೆ ಹೋಗಿ, ಕಿಕ್ಕೇರಿ ಬಸ್ಸು ಎಷ್ಟೊತ್ತಿಗೆ ಎಂದು ಅಲ್ಲಿದ್ದ ಪೇದೆಯನ್ನು ಕೇಳಿದಳು.